ಕೆಸರೆಯ ಕಾಲವಕ್ರತೆ: ರಾಹುವಿನ ಭೌತವಿಜ್ಞಾನಕ್ಕೊಂದು ಪೀಠಿಕೆ

ಕಾಲವನ್ನು ಬಗ್ಗಿಸಬೇಕಾದರೆ ಅಪಾರ ದ್ರವ್ಯರಾಶಿ ಬೇಕು ಎಂಬುದು ಐನ್‌ಸ್ಟೈನ್ 1915ರಲ್ಲಿ ಹಾಕಿಕೊಟ್ಟ ಲೆಕ್ಕ. ಕಪ್ಪುಕುಳಿಯ ಹತ್ತಿರ ಹೋದರೆ ಗಡಿಯಾರ ನಿಧಾನವಾಗುತ್ತದೆ. ಭೂಮಿಯ ಮೇಲೂ ಒಂದಿಷ್ಟು ಆಗುತ್ತದೆ, ಆದರೆ ಅದನ್ನು ಕಾಣಲು ಪರಮಾಣು ಗಡಿಯಾರ ಬೇಕು. ಮೈಸೂರಿನ ಕೆಸರೆ ಬಡಾವಣೆಯಲ್ಲಿ ಇದೇ ಪ್ರಯೋಗಕ್ಕೆ ಮೊಳೆಗೆ ನೇತುಹಾಕಿದ ಕ್ಯಾಲೆಂಡರ್ ಸಾಕು. ಇಲ್ಲಿ ಕಾಲವನ್ನು ಬಗ್ಗಿಸುವ ಆಕಾಶಕಾಯಕ್ಕೆ ತೂಕವಿಲ್ಲ, ಬೆಳಕಿಲ್ಲ, ಮುಂಡವಂತೂ ಮೊದಲೇ ಇಲ್ಲ. ದ್ರವ್ಯರಾಶಿ ಸೊನ್ನೆ, ವಕ್ರತೆ ಗರಿಷ್ಠ. ಇದನ್ನೇ ನಾವು ‘ಕೆಸರೆ ಪ್ರಮೇಯ’ ಎಂದು ಕರೆಯುತ್ತೇವೆ. (ನಾವು ಎಂದರೆ ಪ್ರಬಂಧಕಾರನೊಬ್ಬನೇ. ವಿದ್ವತ್ ಲೋಕದಲ್ಲಿ ಬಹುವಚನ ಕಡ್ಡಾಯ.)

ಮೊದಲು ಪೂರ್ವಸೂರಿಗಳ ಅಭಿಪ್ರಾಯ. ದೇವತೆಗಳ ಪಂಕ್ತಿಯಲ್ಲಿ ಕದ್ದು ಕೂತು ಅಮೃತ ಕುಡಿದ ಅಸುರನ ರುಂಡವೇ ರಾಹು ಎನ್ನುತ್ತದೆ ಪುರಾಣ. ಖಗೋಳಶಾಸ್ತ್ರದ ಪ್ರಕಾರ ಚಂದ್ರನ ಹಾದಿ ಸೂರ್ಯನ ಹಾದಿಗೆ ಸುಮಾರು 5 ಡಿಗ್ರಿ ಓರೆ. ಅವೆರಡೂ ಕತ್ತರಿಸುವ ಎರಡು ಬಿಂದುಗಳಲ್ಲಿ ಒಂದು ರಾಹು, ಇನ್ನೊಂದು ಕೇತು. ಈ ಬಿಂದು ಹಿಮ್ಮುಖವಾಗಿ ನಡೆದು 18.6 ವರ್ಷಕ್ಕೊಂದು ಸುತ್ತು ಮುಗಿಸುತ್ತದೆ. ಗ್ರಹಣಕ್ಕೆ ಕಾರಣ ಭೂಮಿ, ಚಂದ್ರರ ನೆರಳು, ಯಾವ ಅಸುರನೂ ಅಲ್ಲ ಎಂದು ಆರ್ಯಭಟ 499ರಲ್ಲೇ ಬರೆದು ರಾಹುವಿನ ಹುದ್ದೆ ರದ್ದು ಮಾಡಿದ. ಆದೇಶ ಟಪಾಲಿನಲ್ಲಿದೆ, ಕೆಸರೆಗೆ ಇನ್ನೂ ಮುಟ್ಟಿಲ್ಲ.

ಆದರೆ ಐನ್‌ಸ್ಟೈನ್ ಪಕ್ಷದವರು ಒಂದು ಸಂಗತಿಯನ್ನು ಮುಚ್ಚಿಡುತ್ತಾ ಬಂದಿದ್ದಾರೆ. ಅವರ ಸಿದ್ಧಾಂತವನ್ನು ಜಗತ್ತು ಒಪ್ಪಿದ್ದು 1919ರ ಮೇ 29ರ ಸೂರ್ಯಗ್ರಹಣದಿಂದ, ಅಂದರೆ ರಾಹುವಿನ ಕೃಪೆಯಿಂದ. ಅಂದು ಗುರುವಾರ. ಆಫ್ರಿಕದ ಪಡುವಲಿನ ಪ್ರಿನ್ಸಿಪೆ ದ್ವೀಪದಲ್ಲಿ ಖಗೋಳಜ್ಞ ಎಡಿಂಗ್ಟನ್ ಪೂರ್ಣಗ್ರಹಣದ ಚಿತ್ರ ತೆಗೆದದ್ದು ಮಧ್ಯಾಹ್ನ ಎರಡು ದಾಟಿದ ಮೇಲೆ. ಗುರುವಾರದ ರಾಹುಕಾಲ ಒಂದೂವರೆಯಿಂದ ಮೂರು. ಮೋಡ ಕವಿದು ಬಹುಪಾಲು ಫಲಕಗಳು ಕೆಲಸಕ್ಕೆ ಬಾರದಾದವು. ಕೆಸರೆಯ ಯಾವ ಅಜ್ಜಿಯನ್ನು ಕೇಳಿದ್ದರೂ ಮೊದಲೇ ಹೇಳುತ್ತಿದ್ದರು.

ಇನ್ನು ಕ್ಷೇತ್ರಕಾರ್ಯ. ಸೋಮವಾರದ ರಾಹುಕಾಲ ಬೆಳಿಗ್ಗೆ ಏಳೂವರೆಯಿಂದ ಒಂಬತ್ತು; ಅದಕ್ಕೂ ಸ್ವಲ್ಪ ಮೊದಲಿನಿಂದಲೇ ಕೆಸರೆಯ ಒಂದು ಬೀದಿಯನ್ನು ವೀಕ್ಷಿಸಲಾಯಿತು. ಗಾರೆಯವನು ಕರಣೆ ಹಿಡಿದು ಪಾಯದ ಪಕ್ಕದಲ್ಲೇ ಬೀಡಿ ಹಚ್ಚಿ ಕೂತಿದ್ದ. ಅವನ ಧರ್ಮದ ಪಂಚಾಂಗದಲ್ಲಿ ರಾಹುವಿಲ್ಲ. ಆದರೂ ಮನೆಯ ಯಜಮಾನರು ಒಂಬತ್ತರ ತನಕ ಅಡ್ವಾನ್ಸ್ ಕೊಡುವುದಿಲ್ಲವಾದ್ದರಿಂದ ಅವನೂ ಪೂರ್ಣ ಪ್ರಮಾಣದಲ್ಲಿ ರಾಹುಪೀಡಿತ. ಈ ಬಲವು ನೋಟಿನ ಮೂಲಕ ಹರಡುತ್ತದೆಂಬುದು ಇದರಿಂದ ಸಿದ್ಧ.

ಅತ್ಯಂತ ಬೆಲೆಬಾಳುವ ವೀಕ್ಷಣೆ ಸಿಕ್ಕಿದ್ದು ಮೂಲೆಮನೆಯಲ್ಲಿ. ಎಂಟೂವರೆಗೆ ಬೆಂಗಳೂರಿಗೆ ಹೊರಡಲೇಬೇಕಾದ ಹುಡುಗನೊಬ್ಬ ಏಳೂಕಾಲಿಗೇ ಎದುರುಮನೆಗೆ ಬ್ಯಾಗ್ ತಂದ. “ಅಕ್ಕಾ, ಇದೊಂಚೂರು ಇಲ್ಲಿಟ್ಟಿರಿ, ಹೋಗೋವಾಗ ತಗೋತೀನಿ.” “ಇಡಪ್ಪ, ಅದಕ್ಕೇನಂತೆ. ಪ್ರಸ್ಥಾನ ತಾನೇ? ಚಪ್ಪಲಿ ಸ್ಟ್ಯಾಂಡ್ ಹತ್ರ ಬೇಡ, ಒಳಗೆ ಇಡು.” ಅವನು ಮನೆಗೆ ವಾಪಸ್ ಹೋಗಿ ನಿಧಾನವಾಗಿ ಉಪ್ಪಿಟ್ಟು ತಿಂದ. ಶಾಸ್ತ್ರದ ಪ್ರಕಾರ ಆಗ ಅವನು ಪ್ರಯಾಣದಲ್ಲಿದ್ದಾನೆ. ತಾಯಿಯ ಪ್ರಕಾರ ಎರಡನೇ ಸಲ ಬಡಿಸಿಕೊಳ್ಳುತ್ತಿದ್ದಾನೆ. ಎರಡೂ ನಿಜ. ಒಂದೇ ಕಣ ಎರಡು ಸ್ಥಿತಿಯಲ್ಲಿರಬಹುದೆಂಬ ಮಾತಿನ ವಿಚಿತ್ರವನ್ನು ತೋರಿಸಲು ಪಾಶ್ಚಾತ್ಯರು ಕಾಲ್ಪನಿಕ ಬೆಕ್ಕೊಂದನ್ನು ಪೆಟ್ಟಿಗೆಯಲ್ಲಿ ಕೂಡಿಹಾಕಿದರು. ನಮ್ಮವರು ಒಂದು ಏರ್‌ಬ್ಯಾಗಿನಲ್ಲಿ ಮುಗಿಸಿದ್ದಾರೆ.

ಈಗ ಗಣಿತ. ಹಗಲನ್ನು ಎಂಟು ಪಾಲು ಮಾಡಿ, ಸೋಮವಾರ ಎರಡನೆಯದನ್ನು ರಾಹುವಿಗೆ ಬಿಡಬೇಕು. ಸೂರ್ಯ ಸರಿಯಾಗಿ ಆರಕ್ಕೆ ಹುಟ್ಟಿ ಆರಕ್ಕೆ ಮುಳುಗಿದರೆ ಅದು ಏಳೂವರೆಯಿಂದ ಒಂಬತ್ತು. ಆದರೆ ನಮ್ಮ ಗಡಿಯಾರ ನಡೆಯುವುದು 82.5 ಡಿಗ್ರಿ ರೇಖಾಂಶದ ಲೆಕ್ಕದಲ್ಲಿ. ಮೈಸೂರು ಅದಕ್ಕಿಂತ ಪಶ್ಚಿಮಕ್ಕಿರುವುದರಿಂದ ಇಲ್ಲಿಯ ಸೂರ್ಯ ಸುಮಾರು 23 ನಿಮಿಷ ಹಿಂದೆ. ಜೊತೆಗೆ ಋತುಮಾನ. ಜನವರಿ ಕೊನೆಯಲ್ಲಿ ಕೆಸರೆಗೆ ಬೆಳಗಾಗುವುದೇ ಆರೂಮುಕ್ಕಾಲು ದಾಟಿದ ಮೇಲೆ. ಪಾಲು ಹಾಕಿ ನೋಡಿ: ಅಸಲಿ ರಾಹು ಬರುವುದು ಎಂಟೂಕಾಲರ ಸುಮಾರಿಗೆ, ಹೋಗುವುದು 9.40ರ ಮೇಲೆ. ಅಂದರೆ ಏಳೂವರೆಯಿಂದ ಮುಕ್ಕಾಲು ಗಂಟೆ ಕೆಸರೆಯವರು ಯಾರೂ ಇಲ್ಲದ ಆಕಾಶಕ್ಕೆ ಹೆದರಿ ಕೂರುತ್ತಾರೆ. ಒಂಬತ್ತು ಹೊಡೆದದ್ದೇ “ಸದ್ಯ, ಕಳೀತು” ಎಂದು ಸ್ಕೂಟರ್ ಹತ್ತಿ ನೇರವಾಗಿ ರಾಹುವಿನ ಬಾಯಿಗೇ ನುಗ್ಗುತ್ತಾರೆ. ಪಂಚಾಂಗ ಬಲ್ಲವರು ಊರಿನ ಸೂರ್ಯೋದಯ ಹಿಡಿದೇ ಲೆಕ್ಕ ಹಾಕುತ್ತಾರೆ, ನಿಜ. ಗೋಡೆಯ ಕ್ಯಾಲೆಂಡರಿಗೆ ಅಷ್ಟು ಪುರುಸೊತ್ತಿಲ್ಲ. ಹೀಗೆ ಬಾಯಿಗೆ ನುಗ್ಗಿದವರೆಲ್ಲ ಎಂದಿನಂತೆ ಹತ್ತು ನಿಮಿಷ ತಡವಾಗಿ ಆಫೀಸು ಸೇರುತ್ತಾರೆ. ಉಳಿದ ದಿನಗಳಲ್ಲೂ ಅಷ್ಟೇ ತಡ.

ರಾಹುವಿಗೆ ಇನ್ನೊಂದು ವಿಚಿತ್ರ ಗುಣವುಂಟು: ಅದು ಕೊಡುವ ಕೈಯನ್ನು ತಡೆಯುತ್ತದೆ, ತೆಗೆದುಕೊಳ್ಳುವ ಕೈಯನ್ನಲ್ಲ. ರಾಹುಕಾಲದಲ್ಲಿ ಖಾತೆಗೆ ಬಿದ್ದ ಸಂಬಳವನ್ನು ಹಿಂತಿರುಗಿಸಿದ ಒಂದು ನಿದರ್ಶನವೂ ನಮಗೆ ಸಿಕ್ಕಿಲ್ಲ. ಇತ್ತ ಕೆಸರೆಯ ಕೊಳಚೆ ನೀರು ಶುದ್ಧೀಕರಣ ಘಟಕಕ್ಕೆ ನಗರದ ಸ್ನಾನದ ನೀರು ಸೋಮವಾರ ಬೆಳಿಗ್ಗೆಯೂ ಮುಹೂರ್ತ ನೋಡದೆ ಹರಿದು ಬರುತ್ತದೆ. ನೀರಿಗೆ ಕ್ಯಾಲೆಂಡರ್ ಓದಲು ಬಾರದಿರುವುದೇ ಕಾರಣವಿರಬಹುದು.

ಭಾನುವಾರದ ರಾಹುಕಾಲ ನಾಲ್ಕೂವರೆಯಿಂದ ಆರು. ಆಗ ಯಾರೂ ಏನನ್ನೂ ಆರಂಭಿಸದೆ ಮಲಗಿರುವುದರಿಂದ ಅಂಕಿಅಂಶ ದೊರೆಯಲಿಲ್ಲ. ಈ ಕೊರತೆ ತುಂಬಲು ಅನುದಾನ ಕೋರಿ ಅರ್ಜಿ ಸಿದ್ಧಪಡಿಸಿದ್ದೇವೆ. ಕೊನೆಯ ದಿನ ಶುಕ್ರವಾರ. ಹತ್ತೂವರೆಗೆ ಒಯ್ದರೆ ಗುಮಾಸ್ತರು, “ಸಾರ್, ಈಗ ರಾಹುಕಾಲ, ಹನ್ನೆರಡಾದ ಮೇಲೆ ಕೊಡಿ” ಎಂದರು. ಹನ್ನೆರಡಾದ ಮೇಲೆ ಸಾಹೇಬರು ಮೀಟಿಂಗಿಗೆ, ಒಂದೂವರೆಗೆ ಊಟಕ್ಕೆ. ಮೂರಕ್ಕೆ ಯಮಗಂಡ ಕಾಲ ಶುರು.