ಬಸ್ಸು ಸಿಕ್ಕಿದ್ದರೆ

ಟಿಕೆಟ್ಟಿಗೆ ಕಾಸಿಲ್ಲದ ಹುಡುಗರು ಸಿನಿಮಾ ನೋಡುವ ದಾರಿ ಊರಿಂದೂರಿಗೆ ಬೇರೆ. ನಮ್ಮ ಸಿಂಧನೂರು ಸೀಮೆಯಲ್ಲಿ ಟೂರಿಂಗ್ ಟಾಕೀಸು ಬಂದ ಕಾಲಕ್ಕೆ ಹುಡುಗರು ಟೆಂಟಿನ ಬಟ್ಟೆ ಎತ್ತಿ ಒಳಗೆ ನುಸುಳುತ್ತಿದ್ದರು. ಸಿಕ್ಕಿಬಿದ್ದವರು ಗೇಟಿನವನ ಬೈಗುಳ ತಿಂದು, ಹೊರಗೆ ಕೂತು ರಾಜಕುಮಾರರ ಮಾತುಗಳನ್ನಷ್ಟೇ ಕೇಳಿ ಮನೆಗೆ ಹೋಗುತ್ತಿದ್ದರು. ಪೋಲೆಂಡಿನ ಸೊಕೊವೊಫ್‌ಸ್ಕೊ ಎಂಬ ಗುಡ್ಡದ ಊರಿನ ಹುಡುಗರು ಮಾಳಿಗೆಯನ್ನೇ ಹತ್ತುತ್ತಿದ್ದರು. ಅಲ್ಲಿ ಗಾಳಿಗೆಂದು ಬಿಟ್ಟ ಕಿಂಡಿಯಿಂದ ಇಣುಕಿದರೆ ಪರದೆಯ ಕೆಳಗಿನ ಒಂದು ಮೂಲೆ ಕಾಣುತ್ತಿತ್ತು. ನಾಯಕನ ಕಾಲೋ ಕೈಯೋ ಆ ಕಡೆ ಬಂದರೆ ಅವರ ಪುಣ್ಯ. ಆದರೆ ದುಡ್ಡು ಕೊಟ್ಟು ಕೆಳಗೆ ಕೂತವರ ತಲೆಗಳು ಮಾತ್ರ ಸ್ಪಷ್ಟವಾಗಿ ಕಾಣುತ್ತಿದ್ದವು. ಹುಡುಗರು ಆ ತಲೆಗಳ ಮೇಲೆ ಗುರಿಯಿಟ್ಟು ಉಗುಳುತ್ತಿದ್ದರು. ಹಾಗೆ ಉಗುಳಿದವರಲ್ಲಿ ಒಬ್ಬ ಮುಂದೆ ಸಿನಿಮಾ ನಿರ್ದೇಶಕನಾಗಿ ವೆನಿಸ್ ಚಿತ್ರೋತ್ಸವದಲ್ಲಿ ಗೋಲ್ಡನ್ ಲಯನ್ ಗೆದ್ದ. ಹೆಸರು ಕ್ಷಿಷ್ಟೊಫ್ ಕಿಯೆಶ್ಲೋವ್‌ಸ್ಕಿ. ನಮ್ಮಲ್ಲಿ ನುಸುಳಿದವರು ಏನಾದರು ಎಂದು ಕೇಳಬೇಡಿ. ಒಬ್ಬಿಬ್ಬರು ಪುರಸಭೆಗೆ ನಿಂತು ಗೆದ್ದಿದ್ದಾರೆ.

ಅಕ್ಕನ ಮಗ ಬೆಂಗಳೂರಿನಿಂದ ಬರುವಾಗ ಹಾರ್ಡ್ ಡಿಸ್ಕಿನಲ್ಲಿ ಈ ಕಿಯೆಶ್ಲೋವ್‌ಸ್ಕಿಯ ಸಿನಿಮಾಗಳನ್ನು ತುಂಬಿಕೊಂಡು ಬಂದು, ‘ಮಾಮಾ, ನಿಧಾನ ನೋಡು, ಅವಸರ ಮಾಡಬ್ಯಾಡ’ ಎಂದು ಕೊಟ್ಟುಹೋದ. ಸಿಂಧನೂರಿನ ಬೇಸಿಗೆಯಲ್ಲಿ ಅವಸರ ಮಾಡುವುದಕ್ಕೆ ಯಾರಿಗೆ ತ್ರಾಣವಿರುತ್ತದೆ? ಮಧ್ಯಾಹ್ನದ ಹೊತ್ತು ಕೂಲರ್ ಮುಂದೆ ಕೂತು ವಾರ್ಸಾದ ಹಿಮ ನೋಡುವುದು ನನಗೆ ಅಭ್ಯಾಸವಾಯಿತು. ನಡುವೆ ಮಸ್ಕಿಯಿಂದ ಬರುವ ಮಾಸ್ತರೂ ಸೇರಿಕೊಂಡರು. ಅವರು ನಿವೃತ್ತರು, ಒಗ್ಗರಣಿ ಮಿರ್ಚಿ ಕಟ್ಟಿಸಿಕೊಂಡೇ ಬರುವವರು, ಆದ್ದರಿಂದ ಬೇಡ ಎನ್ನುವ ಹಾಗಿರಲಿಲ್ಲ.

ಕಿಯೆಶ್ಲೋವ್‌ಸ್ಕಿ ಹುಟ್ಟಿದ್ದು 1941ರ ಜೂನ್ 27ರಂದು, ವಾರ್ಸಾದಲ್ಲಿ. ಅಪ್ಪ ಎಂಜಿನಿಯರ್, ಕ್ಷಯ ಅಂಟಿಸಿಕೊಂಡವ. ಒಂದು ಆರೋಗ್ಯಧಾಮದಿಂದ ಇನ್ನೊಂದಕ್ಕೆ ಅಪ್ಪನ ಹಾಸಿಗೆ ಸಾಗಿದ ಹಾಗೆ ಸಂಸಾರವೂ ಸಾಗಿತು. ಸೊಕೊವೊಫ್‌ಸ್ಕೊ ಅಂಥದೊಂದು ಆರೋಗ್ಯಧಾಮದ ಊರು. 1945ರವರೆಗೆ ಅದು ಜರ್ಮನಿಯಲ್ಲಿತ್ತು, ಹೆಸರೂ ಬೇರೆಯಿತ್ತು. ಯುದ್ಧ ಮುಗಿದ ಮೇಲೆ ಪೋಲೆಂಡಿನ ಗಡಿ ಪಶ್ಚಿಮಕ್ಕೆ ಸರಿಯಿತು. ಜರ್ಮನ್ನರು ಹೊರಟುಹೋದರು, ಪೋಲಿಷರು ಬಂದು ಒಲೆ ಹಚ್ಚಿದರು. ಇದನ್ನು ಯುರೋಪಿನವರು ದೊಡ್ಡ ಪುಸ್ತಕ ಬರೆದು ವಿವರಿಸುತ್ತಾರೆ. ಸಿಂಧನೂರಿನವರಿಗೆ ವಿವರಣೆ ಬೇಡ. ನಮ್ಮ ತಾಲೂಕಿನ ನಿರಾಶ್ರಿತರ ಆರ್‌.ಎಚ್‌. ಕ್ಯಾಂಪುಗಳಿಗೆ ಹೋದರೆ, ಪೂರ್ವ ಪಾಕಿಸ್ತಾನದಿಂದ ಬಂದವರ ಮಕ್ಕಳು ಮೊಮ್ಮಕ್ಕಳು ಮನೆಯಲ್ಲಿ ಬಂಗಾಳಿ, ಸಂತೆಯಲ್ಲಿ ಅಚ್ಚ ರಾಯಚೂರು ಕನ್ನಡ ಆಡುತ್ತಾ, ದಸರೆಗೆ ದುರ್ಗಾಪೂಜೆ ಮಾಡಿಕೊಂಡಿದ್ದಾರೆ. ಎಲ್ಲಿಯ ಪದ್ಮಾ ನದಿ, ಎಲ್ಲಿಯ ತುಂಗಭದ್ರಾ ಎಡದಂಡೆ ಕಾಲುವೆ!

ಹುಡುಗ ಕಿಯೆಶ್ಲೋವ್‌ಸ್ಕಿ ಮೊದಲು ಸೇರಿದ್ದು ಅಗ್ನಿಶಾಮಕರ ತರಬೇತಿ ಶಾಲೆಗೆ. ಮೂರು ತಿಂಗಳಿಗೇ ಸಮವಸ್ತ್ರ, ಸೀಟಿ ಎರಡರ ಮೇಲೂ ಜಿಗುಪ್ಸೆ ಹುಟ್ಟಿ ಓಡಿಬಂದ. ಆಮೇಲೆ ವಾರ್ಸಾದ ರಂಗತಂತ್ರಜ್ಞರ ಶಾಲೆ. ಅದೇ ಏಕೆಂದರೆ, ಅಲ್ಲಿನ ಮುಖ್ಯಸ್ಥ ದೂರದ ನೆಂಟ. ಆ ನೆಂಟ ಬ್ಯಾಂಕಿನವರ ಶಾಲೆಯಲ್ಲಿ ಇದ್ದಿದ್ದರೆ ನಾನು ಬ್ಯಾಂಕಿನವನಾಗುತ್ತಿದ್ದೆ ಎಂಬರ್ಥದ ಮಾತನ್ನು ಅವನೇ ಮುಂದೆ ಆಡಿದ್ದಾನೆ. ವುಜ್ ನಗರದ ಹೆಸರಾಂತ ಫಿಲ್ಮ್ ಶಾಲೆ ಅವನನ್ನು ಎರಡು ಸಲ ತಿರುಗಿಸಿ ಕಳಿಸಿತು, ಮೂರನೇ ಸಲ ಒಳಗೆ ಬಿಟ್ಟಿತು. ಆ ನಡುವೆ ಕಡ್ಡಾಯ ಸೈನ್ಯಸೇವೆ ತಪ್ಪಿಸಿಕೊಳ್ಳಲು ಊಟ ಬಿಟ್ಟು ತೂಕ ಇಳಿಸಿಕೊಂಡ. ಕಲೆಗಾಗಿ ಉಪವಾಸ ಬಿದ್ದವರ ಕತೆ ಬಹಳ ಕೇಳಿದ್ದೇವೆ. ಇದು ಆ ಜಾತಿಯದಲ್ಲ.

ನೆಂಟನ ವಿಷಯ ಬಂದಾಗ ಮಾಸ್ತರು ಎದ್ದು ಕೂತರು. ‘ಸಿನಿಮಾಕ್ಕ ಬರಬೇಕಂದ್ರ ಒಬ್ಬ ಮಾವ ಬೇಕ್ರಿ’ ಎಂದರು. ನನಗೆ ಗಿರೀಶ ಕಾಸರವಳ್ಳಿ ನೆನಪಾದರು. ತೀರ್ಥಹಳ್ಳಿ ತಾಲೂಕಿನ ಕೆಸಲೂರಿನಲ್ಲಿ 1950ರಲ್ಲಿ ಹುಟ್ಟಿದವರು, ಮಣಿಪಾಲದಲ್ಲಿ ಓದಿದ್ದು ಔಷಧ ಶಾಸ್ತ್ರ, ಅದರ ತರಬೇತಿಗೆಂದು ಹೋದದ್ದು ಹೈದರಾಬಾದಿಗೆ. ನಮ್ಮ ಕಡೆಯವರಿಗೆ ಹೈದರಾಬಾದೆಂದರೆ ದವಾಖಾನೆಗೆ, ಕೋರ್ಟಿಗೆ, ಮದುವೆ ಜವಳಿಗೆ ಹೋಗುವ ಊರು. ಅಲ್ಲಿಂದ ಗುಳಿಗೆ ಮಾತ್ರೆಗಳ ಸಹವಾಸ ಬಿಟ್ಟು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಹೋದವರು ಅವರು. ಮಾವನೂ ಇದ್ದರು: ಹೆಗ್ಗೋಡಿನಲ್ಲಿ ನೀನಾಸಮ್ ಕಟ್ಟಿದ ಕೆ.ವಿ. ಸುಬ್ಬಣ್ಣ. ‘ಘಟಶ್ರಾದ್ಧ’ 1977ರದು, ಅದಕ್ಕೆ ಸ್ವರ್ಣಕಮಲ ಬಂತು. ಆಮೇಲೆ ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ ಚಿತ್ರಗಳಿಗೂ ಬಂತು. ತೀರ್ಥಹಳ್ಳಿಯ ಒಂದು ಮೆಡಿಕಲ್ ಶಾಪು ಕೈತಪ್ಪಿತು ಅಷ್ಟೆ.

ಹೀಗೆ ಕೈತಪ್ಪುವುದರ ಮೇಲೆಯೇ ಕಿಯೆಶ್ಲೋವ್‌ಸ್ಕಿ 1981ರಲ್ಲಿ ಒಂದು ಸಿನಿಮಾ ಮಾಡಿದ, ‘ಬ್ಲೈಂಡ್ ಚಾನ್ಸ್’. ವಿಟೆಕ್ ಎಂಬ ವೈದ್ಯ ವಿದ್ಯಾರ್ಥಿ ಹೊರಟ ರೈಲಿನ ಹಿಂದೆ ಓಡುತ್ತಾನೆ. ರೈಲು ಸಿಕ್ಕರೆ ಕಮ್ಯುನಿಸ್ಟ್ ಪಕ್ಷ ಸೇರುತ್ತಾನೆ. ಕಾವಲುಗಾರನಿಗೆ ಡಿಕ್ಕಿ ಹೊಡೆದು ಸಿಕ್ಕಿಬಿದ್ದರೆ ಸರ್ಕಾರದ ವಿರೋಧಿಗಳ ಜತೆ ಕೂಡುತ್ತಾನೆ, ದೇವರನ್ನೂ ನಂಬುತ್ತಾನೆ. ರೈಲು ಸುಮ್ಮನೆ ತಪ್ಪಿದರೆ ಮದುವೆ, ಡಾಕ್ಟರಿಕೆ, ಯಾವ ಗುಂಪಿಗೂ ಸೇರದ ಬಾಳು. ಅದೇ ಮನುಷ್ಯ, ಅದೇ ಪ್ಲಾಟ್‌ಫಾರಂ. ಆ ವರ್ಷದ ಡಿಸೆಂಬರಿನಲ್ಲಿ ಪೋಲೆಂಡಿನಲ್ಲಿ ಮಿಲಿಟರಿ ಆಡಳಿತ ಬಂತು. ಸಿನಿಮಾ ಡಬ್ಬಿ ಸೇರಿ 1987ಕ್ಕೆ ಹೊರಬಿತ್ತು.

ಚಿತ್ರ ಮುಗಿದಾಗ ಮಾಸ್ತರು ಮಿರ್ಚಿ ಕೆಳಗಿಟ್ಟರು. ‘ಇದು ನಂದೇ ಕತಿ ಅದ’ ಎಂದರು. ಹಟ್ಟಿ ಚಿನ್ನದ ಗಣಿಯಲ್ಲಿ ಗುಮಾಸ್ತನ ಕೆಲಸದ ಸಂದರ್ಶನಕ್ಕೆ ಹೊರಟಿದ್ದರಂತೆ. ಮಸ್ಕಿಯಲ್ಲಿ ಚಹಾ ಕುಡಿಯುತ್ತಾ ನಿಂತು ಬಸ್ಸು ತಪ್ಪಿತು. ‘ತಪ್ಪಿತು ಅಂತ ಮಾಸ್ತರ ಆದೆ ನೋಡ್ರಿ. ಸಿಕ್ಕಿದ್ರ ಬಂಗಾರದಾಗ ಇರ್ತಿದ್ದೆ.’

ಬಂಗಾರದ ಮಾತು ಬಂದರೆ ಮಸ್ಕಿಯವರನ್ನು ತಡೆಯುವುದು ಕಷ್ಟ. 1915ರಲ್ಲಿ ಸಿ. ಬೀಡನ್ ಎಂಬ ಗಣಿ ಎಂಜಿನಿಯರ್ ಚಿನ್ನದ ಸುಳಿವು ಹುಡುಕುತ್ತಾ ಮಸ್ಕಿಯ ಗುಡ್ಡಕ್ಕೆ ಬಂದವನು ಬಂಡೆಯ ಮೇಲೆ ಅಕ್ಷರ ಕಂಡ. ಅದುವರೆಗೆ ಶಾಸನಗಳಲ್ಲಿ ದೇವಾನಾಂಪ್ರಿಯ, ಪ್ರಿಯದರ್ಶಿ ಎಂಬ ಬಿರುದುಗಳೇ ಸಿಗುತ್ತಿದ್ದವು. ಅಶೋಕ ಎಂಬ ಹೆಸರು ಕಂಡದ್ದು ಇಲ್ಲಿಯೇ ಮೊದಲು. ಬೀಡನ್ ಕತೆಯನ್ನೂ ಮೂರು ಬಗೆಯಾಗಿ ಹೇಳಿ ನೋಡಿದೆವು. ಒಂದರಲ್ಲಿ ಅವನಿಗೆ ಚಿನ್ನವೇ ಸಿಗುತ್ತದೆ, ಮಸ್ಕಿಯಲ್ಲಿ ಗಣಿ ಕಾಲೋನಿ, ಕ್ಲಬ್ಬು, ಸೈರನ್ನು ಬರುತ್ತವೆ, ಬಂಡೆ ಒಡೆದು ರಸ್ತೆಗೆ ಹಾಕುತ್ತಾರೆ. ಇನ್ನೊಂದರಲ್ಲಿ ಬಿಸಿಲಿಗೆ ಸುಸ್ತಾಗಿ ಅರ್ಧ ಗುಡ್ಡದಿಂದಲೇ ಇಳಿಯುತ್ತಾನೆ, ಸಿರುಗುಪ್ಪ ಕಡೆಯ ನಿಟ್ಟೂರು, ಉಡೇಗೋಳದವರು ನಮ್ಮ ಪಾಲಿನ ಕೀರ್ತಿ ಹೊಡೆಯುತ್ತಾರೆ. ಅಲ್ಲಿನ ಬಂಡೆಗಳಲ್ಲೂ ಆ ಹೆಸರಿದೆಯಲ್ಲ! ಮಾಸ್ತರಿಗೆ ಇದು ಸಹನೆಯಾಗಲಿಲ್ಲ. ಆದದ್ದೇ ಸರಿಯಾಗಿದೆ ಎಂದು ತೀರ್ಪಾಯಿತು.

‘ಕ್ಯಾಮೆರಾ ಬಫ್’ (1979) ನೋಡಿದ ದಿನ ಮನೆಯ ಹುಡುಗರೂ ಕೂತರು. ಕಾರ್ಖಾನೆಯ ಕೆಲಸಗಾರನೊಬ್ಬ ಹುಟ್ಟಿದ ಮಗುವನ್ನು ಚಿತ್ರಿಸಲೆಂದು 8 ಎಂಎಂ ಕ್ಯಾಮೆರಾ ಕೊಳ್ಳುತ್ತಾನೆ. ಮ್ಯಾನೇಜರು ಕಾರ್ಖಾನೆಯ ಜಯಂತಿಯನ್ನು ಚಿತ್ರಿಸು ಎನ್ನುತ್ತಾನೆ. ಅಲ್ಲಿಂದ ಕ್ಯಾಮೆರಾ ಅವನ ಕೈಬಿಡುವುದಿಲ್ಲ, ಹೆಂಡತಿ ಬಿಟ್ಟುಹೋಗುತ್ತಾಳೆ. ಸಿಂಧನೂರಿನಲ್ಲಿ ಈಗ ಮದುವೆ ಸೀಸನ್ನಿನಲ್ಲಿ ಒಂದೊಂದು ಚಪ್ಪರದ ಮೇಲೂ ಡ್ರೋನ್ ಹಾರುತ್ತದೆ. ಅಕ್ಷತೆ ಹಾಕುವ ಹೊತ್ತಿಗೆ ಕ್ಯಾಮೆರಾದವರ ಬೆನ್ನು ಬಿಟ್ಟರೆ ಹಿಂದೆ ಕೂತವರಿಗೆ ಏನೂ ಕಾಣುವುದಿಲ್ಲ. ಮದುಮಗನಿಗೆ ತಾಳಿ ಇನ್ನೊಮ್ಮೆ ಕಟ್ಟು ಎಂದು ಹೇಳಿದವನನ್ನೂ ನಾನು ನೋಡಿದ್ದೇನೆ. ಆ ವೃತ್ತಿಯವರಿಗೆ ಈ ಸಿನಿಮಾ ತೋರಿಸಬೇಕೆಂಬ ಆಸೆಯಿದೆ. ಬಿಲ್ಲು ಕೊಟ್ಟ ಮೇಲೆ.

ಕಿಯೆಶ್ಲೋವ್‌ಸ್ಕಿಯ ಕೆಲಸದ ಪರಿಯ ಬಗ್ಗೆ ಒಂದು ಮಾತು ಹೇಳಲೇಬೇಕು. ‘ಬ್ಲೂ’ (1993) ಚಿತ್ರದಲ್ಲಿ ಜೂಲಿಯೆಟ್ ಬಿನೋಶ್ ಸಕ್ಕರೆಯ ಬಿಲ್ಲೆಯನ್ನು ಕಾಫಿಗೆ ತಾಗಿಸಿ ಹಿಡಿಯುತ್ತಾಳೆ. ಬಿಲ್ಲೆ ಕಾಫಿ ಹೀರಿ ಕಪ್ಪಾಗಲು ಐದು ಸೆಕೆಂಡು ಹಿಡಿಯಬೇಕು, ಅದಕ್ಕಿಂತ ಹೆಚ್ಚಾದರೆ ನೋಡುವವನು ತಾಳುವುದಿಲ್ಲ ಎಂಬುದು ಅವನ ಲೆಕ್ಕ. ಸರಿಯಾದ ಬಿಲ್ಲೆ ಹುಡುಕಲು ಸಹಾಯಕ ಅರ್ಧ ದಿನ ಬೇರೆಬೇರೆ ಸಕ್ಕರೆ ಅದ್ದಿ ನೋಡಿದನಂತೆ. ಗಂಡ, ಮಗಳನ್ನು ಕಳೆದುಕೊಂಡವಳಿಗೆ ಆ ಬಿಲ್ಲೆಯಾಚೆ ಏನೂ ಬೇಡವಾಗಿದೆ ಎಂದು ತೋರಿಸಲು ಇಷ್ಟು ಪಾಡು. ಮಾಸ್ತರು ಇದನ್ನು ಪರೀಕ್ಷಿಸದೆ ಬಿಡಲಿಲ್ಲ. ಸಕ್ಕರೆ ಬಿಲ್ಲೆ ಸಿಗದ್ದಕ್ಕೆ ಟೋಸ್ಟು ಅದ್ದಿದರು. ಅದು ಮೂರರೊಳಗೇ ಮುರಿದು ಕಪ್ಪಿನ ತಳ ಸೇರಿತು. ಕಲೆಗೆ ಒಳ್ಳೆ ಬೇಕರಿಯೂ ಬೇಕು.

‘ಡೆಕಲಾಗ್’ ಮಾತ್ರ ತಮಾಷೆಗೆ ಜಗ್ಗಲಿಲ್ಲ. ವಕೀಲ ಪಿಯೆಸೆವಿಚ್ ಜತೆ ಕೂಡಿ ಬರೆದ ಹತ್ತು ಚಿತ್ರಗಳು, ಬೈಬಲ್ಲಿನ ಹತ್ತು ಆಜ್ಞೆಗಳ ನೆರಳಿನಲ್ಲಿ, ವಾರ್ಸಾದ ಒಂದೇ ವಸತಿ ಸಮುಚ್ಚಯದೊಳಗೆ. ಮೊದಲನೆಯದರಲ್ಲಿ ಪ್ರೊಫೆಸರ್ ಅಪ್ಪ ಕೆರೆಯ ಮಂಜುಗಡ್ಡೆ ಎಷ್ಟು ಭಾರ ತಡೆಯುತ್ತದೆಂದು ಕಂಪ್ಯೂಟರಿನಲ್ಲಿ ಲೆಕ್ಕ ಹಾಕಿ ಮಗನನ್ನು ಸ್ಕೇಟಿಂಗಿಗೆ ಬಿಡುತ್ತಾನೆ. ಲೆಕ್ಕ ಸರಿಯಿತ್ತು, ಮಂಜು ಒಡೆಯಿತು. 2024ರ ಆಗಸ್ಟ್ 10ರ ರಾತ್ರಿ ತುಂಬಿ ನಿಂತ ತುಂಗಭದ್ರಾ ಜಲಾಶಯದ 19ನೇ ಗೇಟು ಕೊಚ್ಚಿಹೋದಾಗ, ನಾಟಿಗೆ ಸಾಲ ಮಾಡಿದ್ದ ಸಿಂಧನೂರಿನ ರೈತರ ಮನೆಗಳಲ್ಲೂ ಆ ಅಪ್ಪನ ಮುಖದಂಥವೇ ಮುಖಗಳಿದ್ದವು. ನಮ್ಮದು ಅಷ್ಟು ಘೋರವಾಗಿ ಮುಗಿಯಲಿಲ್ಲ, ವಾರದೊಳಗೆ ತಾತ್ಕಾಲಿಕ ಗೇಟು ಕೂರಿಸಿದರು.

1994ರಲ್ಲಿ ‘ರೆಡ್’ ಮುಗಿಸಿ ಕಿಯೆಶ್ಲೋವ್‌ಸ್ಕಿ ಇನ್ನು ಸಾಕು, ಕೋಣೆಯಲ್ಲಿ ಕೂತು ಸಿಗರೇಟು ಸೇದುತ್ತೇನೆ ಎಂದು ಘೋಷಿಸಿದ. ನಿವೃತ್ತರ ಈ ಬಗೆಯ ಘೋಷಣೆಗಳನ್ನು ನಾನು ನಂಬುವುದಿಲ್ಲ. ಮಾಸ್ತರೂ ಬೀಳ್ಕೊಡುಗೆಯಲ್ಲಿ ಹೀಗೇ ಹೇಳಿ, ಮರುವಾರವೇ ಓಣಿಯ ಮಕ್ಕಳಿಗೆ ಲೆಕ್ಕ ಹೇಳಿಕೊಡಲು ಕೂತರು. ಅವನೂ ಪಿಯೆಸೆವಿಚ್ ಜತೆ ಹೊಸದಾಗಿ ಮೂರು ಕತೆ ಹೊಸೆಯುತ್ತಿದ್ದ. 1996ರ ಮಾರ್ಚ್ 13ರಂದು, ಹೃದಯದ ಆಪರೇಷನ್ ಆದ ಮೇಲೆ, 54ನೇ ವಯಸ್ಸಿನಲ್ಲಿ ತೀರಿಕೊಂಡ. ಮೂರರಲ್ಲಿ ಸ್ವರ್ಗದ ಕತೆಯನ್ನು ಟಾಮ್ ಟಿಕ್ವರ್, ನರಕದ್ದನ್ನು ಡಾನಿಸ್ ತಾನೊವಿಚ್ ಆಮೇಲೆ ಸಿನಿಮಾ ಮಾಡಿದರು. ಮೂರನೆಯದು ಹಾಗೇ ಉಳಿಯಿತು.

‘ಮೂರನೇದು ಯಾವುದ್ರಿ?’ ಎಂದು ಮಾಸ್ತರು ಕೇಳಿದರು.

ಸ್ವರ್ಗಕ್ಕೆ ಹೋಗುವ ಮೊದಲು ಜೀವಗಳು ತಮ್ಮ ಪಾಪ ಕಳೆಯುವ ತನಕ ಕಾಯುತ್ತಾ ಕೂರುವ ಜಾಗವಂತೆ, ಕ್ರೈಸ್ತರಲ್ಲಿ ಹಾಗೊಂದು ನಂಬಿಕೆ ಇದೆ ಎಂದೆ.

‘ಅದಕ್ಕ ಪೋಲೆಂಡ್ ಯಾಕ ಬೇಕ್ರಿ?’ ಎಂದು ಅವರು ಚೀಲ ಹೆಗಲಿಗೇರಿಸಿದರು. ‘ಲಿಂಗಸುಗೂರು ಬಸ್ ಸ್ಟ್ಯಾಂಡಿಗೆ ಬಂದು ಕ್ಯಾಮೆರಾ ಇಡ್ಲಿ.’