ಅಗತ್ಯವಿದ್ದರೆ

ನನ್ನ ಅಳಿಯ ಒಳ್ಳೆಯವನು. ಕರೆದ ತಕ್ಷಣ ಊಟಕ್ಕೆ ಏಳುತ್ತಾನೆ, ಸಾರಿಗೆ ಉಪ್ಪು ಹೆಚ್ಚಾದರೂ ಕಡಿಮೆಯಾದರೂ ತುಟಿಪಿಟಕ್ಕೆನ್ನದೆ ಉಣ್ಣುತ್ತಾನೆ. ಅಂಥವನು 2024ರ ಏಪ್ರಿಲ್ 20ರ ಶನಿವಾರ ರಾತ್ರಿ ಎಂಟಕ್ಕೆ, "ಅತ್ತೆ, ನೀವೆಲ್ಲ ಊಟ ಮುಗಿಸ್ಬಿಡಿ" ಎಂದು ಟಿ.ವಿ. ಮುಂದೆ ಕೂತವನು ಹತ್ತೂವರೆ ದಾಟಿದರೂ ಏಳಲಿಲ್ಲ. ಸಾರನ್ನು ಮೂರು ಸಲ ಬಿಸಿ ಮಾಡಿದೆ. ಮೂರನೇ ಸಲಕ್ಕೆ ಅದು ಗೊಜ್ಜಾಯಿತು. ಕೊನೆಗೆ ಎದ್ದು ಬಂದವನ ಮುಖವೂ ಹಾಗೇ ಇತ್ತು. ಅವನ ಟೊರಾಂಟೊ ಮೇಪಲ್ ಲೀಫ್ಸ್ ಐಸ್ ಹಾಕಿ ತಂಡ ಬಾಸ್ಟನ್ ಎದುರು 5–1ರಿಂದ ಸೋತಿತ್ತು.

ನಾನು ಮೈಸೂರಿನಿಂದ ಮಗಳ ಮನೆಗೆ, ಟೊರಾಂಟೊ ಪಕ್ಕದ ಮಿಸ್ಸಿಸಾಗಾಕ್ಕೆ, ಬಂದು ಎರಡು ವಾರವಾಗಿತ್ತು. ಅತ್ತೆಯಾದವಳು ಇಂಥ ಹೊತ್ತಿನಲ್ಲಿ ಸಮಾಧಾನ ಹೇಳಬೇಕು. "ಹೋಗ್ಲಿ ಬಿಡಪ್ಪ, ಸೋತಿದ್ದಾಯ್ತಲ್ಲ, ಇನ್ನು ನಾಳೆಯಿಂದ ಹೊತ್ತಿಗೆ ಸರಿಯಾಗಿ ಉಣ್ಣಬಹುದು" ಅಂದೆ.

"ಇಲ್ಲ ಅತ್ತೆ, ಇದು ಮೊದಲನೇ ಪಂದ್ಯ."

"ಒಟ್ಟು ಎಷ್ಟು?"

"ಅದು ಹೇಳೋಕಾಗಲ್ಲ."

ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಲೆಕ್ಕ ಹೇಳಿಕೊಟ್ಟವಳಿಗೆ ಯಾರೂ ಕೊಡಬಾರದ ಉತ್ತರ ಅದು.

ಮರುದಿನ ಮೊಮ್ಮಗ ನನ್ನನ್ನು ಫ್ರಿಜ್ಜಿನ ಮುಂದೆ ನಿಲ್ಲಿಸಿ, ಅದರ ಬಾಗಿಲಿಗೆ ಅಂಟಿಸಿದ್ದ ವೇಳಾಪಟ್ಟಿ ತೋರಿಸಿದ. ಏಳು ಪಂದ್ಯ, ಏಳು ತಾರೀಖು. ಕೊನೆಯ ಮೂರರ ಪಕ್ಕದಲ್ಲಿ ಒಂದೊಂದು ನಕ್ಷತ್ರ, ಕೆಳಗೆ ಇರುವೆ ಅಕ್ಷರದಲ್ಲಿ 'ಇಫ್ ನೆಸೆಸರಿ'. ಅಗತ್ಯವಿದ್ದರೆ! ನಾನು ಎಷ್ಟೋ ಲಗ್ನಪತ್ರಿಕೆ ಓದಿದ್ದೇನೆ; ನಾಂದಿ, ವರಪೂಜೆ, ಮುಹೂರ್ತ, 'ಅಗತ್ಯವಿದ್ದರೆ ಬೀಗರೂಟ' ಎಂದು ಅಚ್ಚು ಹಾಕಿಸಿದವರನ್ನು ಕಂಡಿಲ್ಲ.

ವಿಷಯ ಇಷ್ಟೇ. ಉತ್ತರ ಅಮೆರಿಕದ ಈ ಐಸ್ ಹಾಕಿ ಲೀಗ್‌ನಲ್ಲಿ 32 ತಂಡ. ಆ ಸಲ ಅಕ್ಟೋಬರಿನಿಂದ ಏಪ್ರಿಲ್‌ವರೆಗೆ ಒಂದೊಂದು ತಂಡವೂ 82 ಪಂದ್ಯ ಆಡಿತ್ತು. ಎಲ್ಲ ಕೂಡಿದರೆ 1,312. ಇಷ್ಟಕ್ಕೆ ಯಾರು ಗಟ್ಟಿ ಎಂದು ಗೊತ್ತಾಗಿರಬೇಕಲ್ಲ? ಇಲ್ಲವಂತೆ. ಅದು ಬರೀ ಪೀಠಿಕೆ. ಅಲ್ಲಿಂದ 16 ತಂಡ ಉಳಿದು ಜೋಡಿ ಕಟ್ಟಿಕೊಂಡು ಮತ್ತೆ ಆಡುತ್ತವೆ, ಅದೇ ಪ್ಲೇಆಫ್. ಒಂದು ಜೋಡಿಯಲ್ಲಿ ಯಾರು ಮೊದಲು ನಾಲ್ಕು ಸಲ ಗೆಲ್ಲುತ್ತಾರೋ ಅವರು ಮುಂದಕ್ಕೆ. ನಾಲ್ಕಕ್ಕೆ ಮುಗಿಯಬಹುದು, ಏಳರವರೆಗೆ ಎಳೆಯಬಹುದು. ಇಂಥವು ನಾಲ್ಕು ಸುತ್ತು.

"ಅಜ್ಜಿ, ಎಷ್ಟು ಜೋಡಿ ಆಗುತ್ತೆ ಹೇಳಿ ನೋಡೋಣ" ಅಂದ ಮೊಮ್ಮಗ. ಎಂಟು, ನಾಲ್ಕು, ಎರಡು, ಒಂದು ಎಂದು ಬೆರಳು ಮಡಿಸಲು ಶುರುಮಾಡಿದ್ದ. ನಾನು ಕೂಡಲೇ ಹದಿನೈದು ಎಂದೆ. ಹುಡುಗ ಬೆರಗಾದ. ಬೆರಗೇನು ಬಂತು? ಹದಿನಾರರಲ್ಲಿ ಒಬ್ಬ ಗೆಲ್ಲಬೇಕಾದರೆ ಹದಿನೈದು ಜನ ಮನೆಗೆ ಹೋಗಬೇಕು. ಒಂದೊಂದು ಜೋಡಿಯಿಂದ ಒಬ್ಬೊಬ್ಬ. ಮಡಿಕೇರಿಯಲ್ಲಿ ಮೇಷ್ಟ್ರಾಗಿದ್ದ ನನ್ನ ಅಣ್ಣ ಕೊಡವರ ಹಾಕಿ ನಮ್ಮೆಯನ್ನು ಬಣ್ಣಿಸುವಾಗಲೂ ನಾನು ಇದನ್ನೇ ಹೇಳುತ್ತಿದ್ದೆ. 1997ರಲ್ಲಿ ಶುರುವಾದ ಆ ಹಬ್ಬಕ್ಕೆ ನೂರಾರು ಮನೆತನಗಳು ತಂಡ ಕಟ್ಟಿಕೊಂಡು ಬರುತ್ತವೆ. ಅದು ಹುಲ್ಲಿನ ಮೇಲಿನ ಹಾಕಿ, ಇದು ಮಂಜುಗಡ್ಡೆ ಮೇಲಿನದು. ಸೋತವರನ್ನು ಎಣಿಸಿದರೆ ಲೆಕ್ಕ ಎಲ್ಲಾದರೂ ಸುಲಭ.

ಹದಿನೈದನ್ನು ನಾಲ್ಕರಿಂದ ಗುಣಿಸಿದರೆ ಅರವತ್ತು, ಏಳರಿಂದ ಗುಣಿಸಿದರೆ ನೂರೈದು. ಅಂದರೆ ಈ ಪ್ಲೇಆಫ್‌ನಲ್ಲಿ 60ಕ್ಕೆ ಕಡಿಮೆಯಿಲ್ಲ, 105ಕ್ಕೆ ಹೆಚ್ಚಿಲ್ಲ. ಉಳಿದದ್ದು ದೈವೇಚ್ಛೆ. ಕಪ್ ಗೆಲ್ಲುವ ತಂಡಕ್ಕೆ ಬೇಕಾದದ್ದು 16 ಗೆಲುವು. ಅದಕ್ಕಾಗಿ ಅದು 16 ಪಂದ್ಯವನ್ನಾದರೂ ಆಡೀತು, 28ನ್ನಾದರೂ ಆಡೀತು. ಗೆದ್ದವರಾರೂ ಇದುವರೆಗೆ 28ರ ತನಕ ಹೋಗಿಲ್ಲ. 2014ರಲ್ಲಿ ಲಾಸ್ ಏಂಜಲೀಸ್‌ನವರು ಮೊದಲ ಮೂರು ಸುತ್ತನ್ನೂ ಏಳೇಳು ಪಂದ್ಯ ಎಳೆದು 26ಕ್ಕೆ ಮುಗಿಸಿದರಂತೆ. ಅವರ ಮನೆಗಳಲ್ಲಿ ಸಾರು ಬಿಸಿ ಮಾಡಿದವರನ್ನು ನೆನೆದು ನನಗೆ ಕರುಳು ಚುರುಕ್ಕೆಂದಿತು.

ನಾನು ಮೈಸೂರಿನಿಂದ ತಂದಿದ್ದ ಕ್ಯಾಲೆಂಡರಿನಲ್ಲಿ, ಏಕಾದಶಿ ಸಂಕಷ್ಟಿಗಳ ನಡುವೆ, ಪಂದ್ಯದ ರಾತ್ರಿಗಳಿಗೆ ಪೆನ್ಸಿಲ್ಲಿನಿಂದ ಚುಕ್ಕೆ ಇಡಲು ತೊಡಗಿದೆ. ಪೆನ್ಸಿಲ್ಲೇ ಏಕೆಂದರೆ, ಅಗತ್ಯವಿಲ್ಲದಿದ್ದರೆ ಅಳಿಸಬೇಕಲ್ಲ. ಮೊದಲೆರಡು ಪಂದ್ಯ ಅವರೂರಲ್ಲಿ, ಆಮೇಲೆರಡು ನಮ್ಮೂರಲ್ಲಿ, ಅಲ್ಲಿಂದಾಚೆ ಒಂದು ಅಲ್ಲಿ ಒಂದು ಇಲ್ಲಿ. ಹೊಸದಾಗಿ ಮದುವೆಯಾದ ಹುಡುಗಿ ತವರಿಗೂ ಗಂಡನ ಮನೆಗೂ ಓಡಾಡಿದ ಹಾಗೆ.

ಈ ನಡುವೆ ಅಳಿಯ ಗಡ್ಡ ಬಿಟ್ಟ. ಇದು ಸೋಮಾರಿತನವಲ್ಲ, ವ್ರತ. 1980ರ ದಶಕದ ಆರಂಭದಲ್ಲಿ ನ್ಯೂಯಾರ್ಕ್ ಐಲ್ಯಾಂಡರ್ಸ್ ಆಟಗಾರರು ಶುರುಮಾಡಿದ್ದಂತೆ. ತಂಡ ಉಳಿದಿರುವವರೆಗೆ ಕ್ಷೌರವಿಲ್ಲ. ಅಯ್ಯಪ್ಪ ಮಾಲೆಗೆ ನಲವತ್ತೊಂದು ದಿನ ಎಂಬ ಲೆಕ್ಕವಾದರೂ ಇದೆ. ಇದಕ್ಕೆ ಅದೂ ಇಲ್ಲ.

ಒಂದು ರಾತ್ರಿ ಅವನೊಂದು ಕಥೆ ಹೇಳಿದ. 1952ರಲ್ಲಿ ಎರಡೇ ಸುತ್ತು ಇದ್ದವು, ಕಪ್ಪಿಗೆ ಎಂಟು ಗೆಲುವು ಸಾಕಿತ್ತು. ಡೆಟ್ರಾಯ್ಟ್‌ನಲ್ಲಿ ಮೀನು ಮಾರುವ ಅಣ್ಣತಮ್ಮಂದಿರಿಬ್ಬರು ಎಂಟು ಗೆಲುವಿಗೆ ಎಂಟು ಕೈ ಎಂದು ಒಂದು ಆಕ್ಟೋಪಸ್ಸನ್ನು ಆಟದ ಮಂಜಿನ ಮೇಲೆ ಎಸೆದರು. ಆ ವರ್ಷ ಅವರ ತಂಡ ಒಂದೂ ಸೋಲದೆ ಎಂಟಕ್ಕೆಂಟೂ ಗೆದ್ದುಬಿಟ್ಟಿತು. ಅಲ್ಲಿಂದ ಅದು ಪದ್ಧತಿಯಾಯಿತು. ನಮ್ಮಲ್ಲಿ ಈಡುಗಾಯಿ ಒಡೆಯುವಂತೆ ಅಲ್ಲಿ ಇದು. ನಾವು ಮೊಟ್ಟೆ ಕೂಡ ಮುಟ್ಟದವರು. ಕೇಳಿ ಹೊಟ್ಟೆ ತೊಳಸಿದಂತಾಯಿತು. ಆದರೂ ಲೆಕ್ಕ ಲೆಕ್ಕವೇ. "ಈಗ ಹದಿನಾರು ಬೇಕಲ್ಲಪ್ಪ, ಎರಡು ಎಸೀತಾರಾ?" ಎಂದು ಕೇಳಿಯೇಬಿಟ್ಟೆ.

ಪಂದ್ಯ ಎಷ್ಟು ಎಂಬುದು ಹೋಗಲಿ, ಒಂದು ಪಂದ್ಯ ಎಷ್ಟು ಹೊತ್ತು ಎಂಬುದಕ್ಕೂ ಇವರಲ್ಲಿ ಉತ್ತರವಿಲ್ಲ. ಇಪ್ಪತ್ತಿಪ್ಪತ್ತು ನಿಮಿಷದ ಮೂರು ಅವಧಿ. ಸಮಬಲವಾದರೆ ಪ್ಲೇಆಫ್‌ನಲ್ಲಿ ಮತ್ತೆ ಇಪ್ಪತ್ತು ನಿಮಿಷ, ಆಗಲೂ ಗೋಲು ಬರದಿದ್ದರೆ ಮತ್ತಿಪ್ಪತ್ತು. ಗೋಲು ಬಿದ್ದ ಕ್ಷಣ ಮುಕ್ತಾಯ, ಬೀಳುವವರೆಗೆ ಜಾಗರಣೆ. 1936ರ ಮಾರ್ಚ್ 24ರ ರಾತ್ರಿ ಮಾಂಟ್ರಿಯಲ್‌ನಲ್ಲಿ ಹೀಗೆ ಶುರುವಾದ ಆಟ ಆರನೇ ಹೆಚ್ಚುವರಿ ಅವಧಿಗೆ ಹೋಗಿ, ಮಡ್ ಬ್ರೂನೆಟೊ ಎಂಬ ಹುಡುಗ ಡೆಟ್ರಾಯ್ಟ್ ಪರ ಗೋಲು ಹೊಡೆದಾಗ ಬೆಳಗಿನ ಜಾವ ಎರಡೂ ಇಪ್ಪತ್ತೈದು. ನಮ್ಮ ಹಳ್ಳಿಯಲ್ಲಿ ಕುರುಕ್ಷೇತ್ರ ನಾಟಕ ಆಡಿದರೆ ಆ ಹೊತ್ತಿಗೆ ದುರ್ಯೋಧನನ ತೊಡೆಯಿನ್ನೂ ಗಟ್ಟಿಯಾಗೇ ಇರುತ್ತಿತ್ತು, ನಿಜ. ಆದರೆ ನಾಟಕದಲ್ಲಿ ಕೊನೆಗೆ ಮುರಿಯುತ್ತದೆಂದು ಎಲ್ಲರಿಗೂ ಗೊತ್ತು. ಮಾಂಟ್ರಿಯಲ್ಲಿನವರು 176 ನಿಮಿಷಕ್ಕೂ ಮೇಲ್ಪಟ್ಟು ಆಡಿದ್ದು ಹೆಚ್ಚುಕಡಿಮೆ ಮೂರು ಪಂದ್ಯದಷ್ಟು. ಕಡತದಲ್ಲಿ ಮಾತ್ರ ಒಂದೇ. ನನ್ನಂಥ ಲೆಕ್ಕದ ಟೀಚರಿಗೆ ಇದು ಶುದ್ಧ ಅನ್ಯಾಯ ಅನ್ನಿಸಿತು.

ಟೊರಾಂಟೊ–ಬಾಸ್ಟನ್‌ಗೆ ಮೂರು ನಕ್ಷತ್ರವೂ ಅಗತ್ಯವಾದವು. ಒಂದಕ್ಕೆ ಮೂರರಂತೆ ಹಿಂದೆ ಬಿದ್ದಿದ್ದ ಟೊರಾಂಟೊದವರು ಎರಡು ಗೆದ್ದು ಮೂರು–ಮೂರು ಮಾಡಿದರು. ಮೇ 4ರಂದು ಏಳನೆಯದು, 1–1, ಹೆಚ್ಚುವರಿ ಅವಧಿ. ನಾನು ಸಾರು ಇಟ್ಟೆ. ಕುದಿ ಬರುವ ಮೊದಲೇ, ಎರಡನೇ ನಿಮಿಷದಲ್ಲಿ, ಪಾಸ್ಟರ್ನಾಕ್ ಎಂಬ ಬಾಸ್ಟನ್ನಿನವನು ಮುಗಿಸಿಬಿಟ್ಟ. ಅಷ್ಟು ದಿನ ಕಾದಾಡಿದವರೆಲ್ಲ ಸಾಲಾಗಿ ನಿಂತು ಒಬ್ಬೊಬ್ಬರ ಕೈಕುಲುಕಿದರು. ಟೊರಾಂಟೊಗೆ ಕೊನೆಯ ಸಲ ಕಪ್ ಬಂದದ್ದು 1967ರಲ್ಲಿ. ಅಳಿಯ ಆಗ ಹುಟ್ಟೇ ಇರಲಿಲ್ಲ. ಮರುದಿನ ಅವನ ಗಡ್ಡ ಇರಲಿಲ್ಲ.

ಈತ ಬೆಂಗಳೂರಿನ ಆರ್‌ಸಿಬಿಯ ಅಭಿಮಾನಿಯೂ ಹೌದು. ಎಲ್ಲಿಂದ ಇಂಥವನ್ನೇ ಆರಿಸಿಕೊಳ್ಳುತ್ತಾನೋ! ಅದೇ ಮೇ 18ರಂದು, ಇಲ್ಲಿಯ ಬೆಳಿಗ್ಗೆ ಹತ್ತಕ್ಕೆ ಶುರುವಾದ ಪಂದ್ಯದಲ್ಲಿ, ಆರ್‌ಸಿಬಿ ಚೆನ್ನೈಯನ್ನು ಸೋಲಿಸಿ ಪ್ಲೇಆಫ್ ಸೇರಿದಾಗ 'ಈ ಸಲ ಕಪ್ ನಮ್ದೇ' ಎಂದು ಕುಣಿದ. ನಾಲ್ಕೇ ದಿನಕ್ಕೆ ರಾಜಸ್ಥಾನದ ಎದುರು ಒಂದೇ ಪಂದ್ಯ ಸೋತು ಮನೆಗೆ. ಐಪಿಎಲ್‌ನ ಪ್ಲೇಆಫ್ ಅಂದರೆ ಒಟ್ಟು ನಾಲ್ಕು ಪಂದ್ಯ, ಕ್ಯಾಲೆಂಡರಿನಲ್ಲಿ ಇಂಕಿನಲ್ಲೇ ಬರೆಯಬಹುದು. ಅದರಲ್ಲಿ ದುಃಖವೂ ಒಂದೇ ಪೂರಿ, ಎಣ್ಣೆಗೆ ಬಿಟ್ಟೊಡನೆ ಉಬ್ಬುತ್ತದೆ, ತಣಿಯುತ್ತದೆ. ಹಾಕಿಯಲ್ಲಿ ಮನೆಗೆ ಹೋಗಬೇಕಾದರೂ ನಾಲ್ಕು ಸಲ ಸೋಲಬೇಕು. ಯಾವುದು ವಾಸಿ ಎಂದು ಅವನನ್ನು ಕೇಳಬೇಕೆನಿಸಿತು, ಮುಖ ನೋಡಿ ಬಿಟ್ಟೆ.

ಇನ್ನು ನೆಮ್ಮದಿ ಅಂದುಕೊಂಡರೆ ಗಡ್ಡ ಮತ್ತೆ ಚಿಗುರತೊಡಗಿತು. "ಎಡ್ಮಂಟನ್ ಇನ್ನೂ ಇದೆ ಅತ್ತೆ. ಕೆನಡಾಕ್ಕೆ 1993ರಿಂದ ಕಪ್ ಬಂದಿಲ್ಲ." ಆ ಊರು ಪಶ್ಚಿಮದಲ್ಲಿ, ಪಂದ್ಯ ನಮಗೆ ರಾತ್ರಿ ಹತ್ತಕ್ಕೂ ಶುರುವಾಗುತ್ತಿತ್ತು. ನಾನೂ ಜೊತೆಗೆ ಕೂರತೊಡಗಿದೆ. ಇಂಗ್ಲಿಷ್ ವಿವರಣೆ ತಲೆ ಮೇಲೆ ಹೋಗುತ್ತಿತ್ತು; ಇಲ್ಲಿ ಹಾಕಿಗೆ ಪಂಜಾಬಿಯಲ್ಲೂ ವಿವರಣೆ ಇದೆಯೆಂದು ತಿಳಿದ ಮೇಲೆ ನನ್ನ ಹಿಂದಿ ಪ್ರವೇಶ ಪರೀಕ್ಷೆ ಸಾರ್ಥಕವಾಯಿತು.

ಎಡ್ಮಂಟನ್ ಫೈನಲ್‌ಗೆ ಬಂದು ಫ್ಲಾರಿಡಾ ಎದುರು ಮೊದಲ ಮೂರನ್ನೂ ಕಳೆದುಕೊಂಡಿತು. ನನ್ನ ವಾಪಸ್ ಟಿಕೆಟ್ ಜೂನ್ 24ರ ರಾತ್ರಿಗೆ. "ಹದಿನೈದಕ್ಕೆ ಮುಗಿಯುತ್ತೆ ಅತ್ತೆ, ಆರಾಮಾಗಿ ಬಿಟ್ಟುಬರ್ತೀನಿ" ಎಂದ. ಫೈನಲ್‌ನಲ್ಲಿ ಮೂರು ಸೋತು ನಾಲ್ಕು ಗೆದ್ದದ್ದು ಒಂದೇ ತಂಡವಂತೆ, 1942ರಲ್ಲಿ. ಯಾವುದು ಗೊತ್ತೆ? ಇವನ ಟೊರಾಂಟೊ. ಅದನ್ನು ಹೇಳುವಾಗ ಮಾತ್ರ ಮುಖ ಅರಳಿತು. ಆಮೇಲೆ ಎಡ್ಮಂಟನ್ ನಾಲ್ಕನೆಯದನ್ನು 8–1ರಿಂದ ಗೆದ್ದಿತು. ಐದನೆಯದನ್ನೂ ಗೆದ್ದಿತು. ಆರನೆಯದನ್ನೂ. ಫ್ರಿಜ್ಜಿನ ಮೇಲಿನ ಹೊಸ ವೇಳಾಪಟ್ಟಿಯ ಕೊನೆಯ ನಕ್ಷತ್ರ ಬಿದ್ದದ್ದು ಜೂನ್ 24ಕ್ಕೆ.

ವಿಮಾನ ನಿಲ್ದಾಣಕ್ಕೆ ಕಾರಿನಲ್ಲಿ ರೇಡಿಯೊ ಹಾಕಿಕೊಂಡೇ ಹೋದೆವು. ಇಳಿದಾಗ 1–1. "ಒಳಗೆ ಬರ್ಬೇಡ, ಹೋಗಪ್ಪ, ಹೋಗು" ಎಂದು ನಾನೇ ಅಟ್ಟಿದೆ. ಒಳಗೆ ಗೇಟಿನ ಬಳಿ ಟಿ.ವಿ. ಸುತ್ತ ಗುಂಪು. ನಾನೂ ನಿಂತೆ. ಫ್ಲಾರಿಡಾ 2–1 ಮಾಡಿತು. ಪಕ್ಕದಲ್ಲಿದ್ದ ಸರ್ದಾರ್ಜಿಯೊಬ್ಬರು ತಲೆ ಚಚ್ಚಿಕೊಂಡರು. ಏನೂ ಆಗಲ್ಲ, ಇನ್ನೂ ಟೈಮಿದೆ ಎಂದು ಹಿಂದಿಯಲ್ಲಿ ಧೈರ್ಯ ಹೇಳಿದೆ. ಅಷ್ಟರಲ್ಲಿ ಗಾಲಿಕುರ್ಚಿ ತಳ್ಳುವ ಹುಡುಗಿ ಬಂದು, ಮೇಡಂ, ವಿಮಾನ ಹತ್ತಬೇಕು ಎಂದಳು. ಜೀವನದಲ್ಲಿ ಮೊದಲ ಬಾರಿಗೆ ಒಂದು ಲೆಕ್ಕವನ್ನು ಅರ್ಧಕ್ಕೆ ಬಿಟ್ಟು ಎದ್ದೆ.

ಮೈಸೂರಿಗೆ ಬಂದು ಸ್ನಾನ ಮುಗಿಸುವಷ್ಟರಲ್ಲಿ ಮಗಳ ವಿಡಿಯೊ ಕಾಲ್. ಅವಳ ಹೆಗಲ ಹಿಂದೆ ಅಳಿಯ ಇಣುಕಿದ. ಕೆನ್ನೆ ನುಣ್ಣಗಿತ್ತು. ಕೇಳುವುದೇನೂ ಉಳಿದಿರಲಿಲ್ಲ.

"ಒಟ್ಟು ಎಷ್ಟಾಯ್ತಪ್ಪ?" ಅಂದೆ.

"ಎಂಬತ್ತೆಂಟು, ಅತ್ತೆ."

ಕ್ಯಾಲೆಂಡರ್ ತೆಗೆದು ಜೂನ್ 24ರ ಮನೆಯಲ್ಲಿ 88 ಎಂದು ಪೆನ್ನಿನಲ್ಲಿ ಬರೆದೆ. ಬಳಿಕ ಊಟ ಆಯಿತಾ ಎಂದು ಕೇಳಿದೆ.

"ಏಳು ಗಂಟೆಗೇ ಆಯ್ತು" ಅಂದ. ಸ್ವಲ್ಪ ಹೊತ್ತು ಬಿಟ್ಟು, "ಸಾರು ಬಿಸಿಯಾಗೇ ಇತ್ತು" ಅಂದ.