ಕುಂದಾಪುರ ಸೀಮೆಯ ಕ್ರ್ಯಾಕ್ ಮೀಮಾಂಸೆ

ಪೀಠಿಕೆ: ತೆಂಕಕ್ಕೆ ಬ್ರಹ್ಮಾವರ, ಬಡಗಕ್ಕೆ ಬೈಂದೂರು, ನಡುವೆ ಕುಂದಾಪುರ. ಈ ಸೀಮೆಯ ಬಾರ್ಕೂರಿನಲ್ಲಿ ಹುಡುಕಿದರೆ ಶಾಸನ ಸಿಕ್ಕೀತು. ವಿಂಡೋಸ್ ಖರೀದಿಸಿದ ರಸೀದಿ ಸಿಗುವುದು ಕಷ್ಟ. ಪ್ರಸ್ತುತ ಸಂಶೋಧನೆಯ ಅಗತ್ಯ ಇಷ್ಟರಿಂದಲೇ ಸಿದ್ಧ.

ಕಾಲನಿರ್ಣಯ: ಕ್ರ್ಯಾಕಿನ ಇತಿಹಾಸದಲ್ಲಿ ಯುಗಗಳು ಮೂರು. 2001ರಲ್ಲಿ ಎಕ್ಸ್‌ಪಿ ಬಂದಾಗ ಆಕ್ಟಿವೇಶನ್ ಎಂಬ ಕಟ್ಟಳೆಯೂ ಬಂತು. ಆದರೆ ಎಫ್‌ಸಿಕೆಜಿಡಬ್ಲ್ಯು ಎಂದು ಶುರುವಾಗುವ ಪಂಚವಿಂಶತ್ಯಕ್ಷರಿ ಕೀ ಅದಕ್ಕೂ ಮೊದಲೇ ಸೋರಿತ್ತು. ಇದು ಮಂತ್ರಯುಗ. 2009ರ ವಿಂಡೋಸ್ 7ಕ್ಕೆ ಲೋಡರ್ ಹಾಕಿದರೆ ಬಿಡಿಭಾಗ ಜೋಡಿಸಿದ ಪಿಸಿಯೂ ದೊಡ್ಡ ಕಂಪನಿಯ ಬಯಾಸ್ ಮುದ್ರೆ ಧರಿಸಿ ನಿಲ್ಲುತ್ತಿತ್ತು. ಇದು ವೇಷಯುಗ.

ಮೂರನೆಯದು ಕೆಎಂಎಸ್ ಯುಗ. ಅಸಲಿ ಕೆಎಂಎಸ್ (ಕೀ ಮ್ಯಾನೇಜ್‌ಮೆಂಟ್ ಸರ್ವಿಸ್) ಕನಿಷ್ಠ 25 ಕಂಪ್ಯೂಟರುಗಳಿರುವ ಸಂಸ್ಥೆಗಳಿಗೆ ಮೀಸಲು. ಅದರ ಸರ್ವರ್ 180 ದಿನಗಳ ಮಾನ್ಯತೆ ಕೊಡುತ್ತದೆ. ನಕಲಿ ಟೂಲ್ ಆ ಸರ್ವರನ್ನು ನಮ್ಮ ಪಿಸಿಯ ಹೊಟ್ಟೆಯೊಳಗೇ ಕೂರಿಸುತ್ತದೆ. ಅಲ್ಲಿಗೆ ದರ್ಶನದ ಪಾತ್ರಿಯೂ ತಾನೇ, ಪ್ರಶ್ನೆ ಕೇಳುವ ಭಕ್ತನೂ ತಾನೇ. "ನಾನು ಅಸಲಿಯೇ?" "ಅಸಲಿಯೇ ಮಗನೇ, ಆರು ತಿಂಗಳು ಬಿಟ್ಟು ಬಾ."

ಪ್ರಯೋಗವಿಧಿ: ರಿಪೇರಿ ಹುಡುಗ ಪೆನ್‌ಡ್ರೈವ್ ಚುಚ್ಚುತ್ತಾನೆ. ಆಂಟಿವೈರಸ್ ಕೆಂಪಗಾಗಿ ಬೊಬ್ಬೆ ಹಾಕುತ್ತದೆ. "ಎಂತ ಆತಿಲ್ಲೆ, ಹೆದ್ರ್‌ಬೇಡಿ ಮಾರಾಯ್ರೆ" ಎಂದು ಅವನು ಅದನ್ನೇ ಬಂದ್ ಮಾಡುತ್ತಾನೆ. ಕಪ್ಪು ಕಿಟಕಿ ಮಿಂಚಿ ಮರೆಯಾಗುತ್ತದೆ. ಕಾರ್ಯಸಿದ್ಧಿ. ಈ ಸಂಸ್ಕಾರ ತಪ್ಪಿದವರ ಗತಿ ಬೇರೆ: ಬ್ರಹ್ಮಕಲಶದ ಆಮಂತ್ರಣ ಪತ್ರಿಕೆಯ ಪ್ರೂಫನ್ನು ಸ್ಕ್ರೀನ್‌ಶಾಟ್ ಹೊಡೆದು ವಾಟ್ಸ್ಯಾಪಿಗೆ ಕಳಿಸಿದರೆ, ಬಲ ಮೂಲೆಯಲ್ಲಿ ಸರ್ವರಿಗೂ ಆದರದ ಸ್ವಾಗತ ಬಯಸುವವರ ಪಕ್ಕದಲ್ಲೇ 'ಆಕ್ಟಿವೇಟ್ ವಿಂಡೋಸ್' ಎಂಬವರೂ ಕೈಮುಗಿದು ನಿಂತಿರುತ್ತಾರೆ.

ಅಪಾಯಪ್ರಕರಣ: ಕಾವಲು ಮಲಗಿಸಿ ಒಳಗೆ ಬಿಟ್ಟದ್ದು ಯಾರನ್ನೆಂದು ಕೇಳುವ ಪದ್ಧತಿ ನಮ್ಮಲ್ಲಿಲ್ಲ. 2021ರಲ್ಲಿ ಕೆಎಂಎಸ್‌ಪಿಕೋ ಎಂಬ ಕ್ರ್ಯಾಕ್ ಟೂಲಿನ ಹೆಸರು ಹೊತ್ತ ನಕಲಿ ಕಡತದೊಳಗೆ ಕ್ರಿಪ್ಟ್‌ಬಾಟ್ ಎಂಬ ಕುತಂತ್ರಾಂಶ ಅಡಗಿತ್ತು. ಬ್ರೌಸರಿನಲ್ಲಿ ಉಳಿಸಿಟ್ಟ ಪಾಸ್‌ವರ್ಡ್ ಬಾಚುವುದು ಅದರ ಕಸುಬು. ಅಂದರೆ ಇದು ಕಳ್ಳಮಾಲಿನ ಕಳ್ಳಮಾಲು. ಕ್ರ್ಯಾಕ್ ಉದುರೀತೆಂದು ಅಪ್‌ಡೇಟ್ ನಿಲ್ಲಿಸುವುದು ಉಪವ್ರತ. 2017ರ ಮೇ ತಿಂಗಳಲ್ಲಿ ವನ್ನಾಕ್ರೈ ಎಂಬ ರ್‍ಯಾನ್ಸಮ್‌ವೇರ್ ಬಡಿದದ್ದು ಎರಡು ತಿಂಗಳ ಹಿಂದೆಯೇ ಬಂದಿದ್ದ ಅಪ್‌ಡೇಟ್ ಹಾಕದವರಿಗೆ. ಇನ್ನು ಹಕ್ಕುಸ್ವಾಮ್ಯ ಕಾಯ್ದೆಯ 63ಬಿ ಕಲಮು, ನಕಲಿಯೆಂದು ಗೊತ್ತಿದ್ದೂ ಬಳಸಿದವರಿಗೆ 7 ದಿನದಿಂದ 3 ವರ್ಷದವರೆಗೆ ಸರ್ಕಾರಿ ಊಟ ವಿಧಿಸುತ್ತದೆ.

ಪೂರ್ವಪಕ್ಷ: "ದುಡ್ಡಿಲ್ಲದವರು ಏನು ಮಾಡುವುದು?" ಕಾಸರಗೋಡಿನ ಕನ್ನಡ ಮಾಧ್ಯಮದ ಮಕ್ಕಳು ಕೇರಳ ಸರ್ಕಾರದ ಉಬುಂಟು ಆಧಾರಿತ ವ್ಯವಸ್ಥೆಯಲ್ಲಿ ಕಲಿಯುತ್ತಿದ್ದಾರೆ. ಕೀ ಬೇಡ, ಕ್ರ್ಯಾಕ್ ಬೇಡ, ಕಾಸೂ ಬೇಡ. ಇದನ್ನು ಅರುಹಿದರೆ ನಮ್ಮವರ ಉತ್ತರ: "ಪುಕ್ಕಟೆ ಕೊಡುವುದಾದರೆ ಅದರಲ್ಲೇನೋ ಐಬು ಇರಬೇಕು."

ಸಿದ್ಧಾಂತ: ಕೊಟ್ಟದ್ದರ ಮೇಲೆ ಸಂಶಯ, ಕದ್ದದ್ದಕ್ಕೆ ಸರ್ವಿಸ್ ಚಾರ್ಜ್. ಬಿಲ್ ಮಾತ್ರ ಕೇಳಬಾರದು.